ಅಕ್ಕ ಬರೆದ ಅರ್ಥಗಳು

ನಿಘಂಟು ಕಚೇರಿಯಲ್ಲಿ ಅಕ್ಕನಿಗೂ ನನಗೂ ಒಂದೇ ಮೇಜು. ಯಾವ ವಿಭಾಗಕ್ಕೂ ಸೇರದ ಅಪರೂಪದ ಇಂಗ್ಲಿಷ್ ಪದಗಳೆಲ್ಲ ನಮ್ಮ ಪಾಲಿಗೆ ಬರುತ್ತಿದ್ದವು. ಚೀಟಿಯ ಮೇಲೆ ಅರ್ಥ ಬರೆಯುವವಳು ಅಕ್ಕ, ತಿದ್ದುವವಳು ನಾನು. ಹತ್ತೊಂಬತ್ತು ವರ್ಷ ಹಾವು ಮುಂಗುಸಿಯಂತೆ ಕಚ್ಚಾಡಿದ್ದೆವು. 'ಬೊರ್ಬೊರಿಗ್ಮಸ್' ಎಂಬುದಕ್ಕೆ ಅವಳು 'ಹೊಟ್ಟೆಯೊಳಗಿನ ಗುಡುಗುಡು ಸದ್ದು' ಎಂದು ಬರೆದಾಗ, ಅದು 'ಗುಳುಗುಳು' ಆಗಬೇಕೆಂದು ನಾನು ಹಟ ಹಿಡಿದು, ಎರಡು ದಿನ ಇಬ್ಬರೂ ಮಾತು ಬಿಟ್ಟಿದ್ದೆವು.

ತಲೆಯ ಶಸ್ತ್ರಚಿಕಿತ್ಸೆಯಾದ ಮೇಲೆ ಅಕ್ಕ ಮನೆಯಲ್ಲೇ ಕೂತು ಬರೆಯತೊಡಗಿದಳು. ಉಳಿದದ್ದು ಅರವತ್ತು ಚೀಟಿ. ಅಷ್ಟನ್ನು ತಾನೇ ಮುಗಿಸಬೇಕೆಂಬುದೊಂದೇ ಅವಳ ಆಸೆ. ಸಂಜೆ ಕಚೇರಿಯಿಂದ ಬಂದವಳೇ ನಾನು ಕಿಟಕಿಯ ಬಳಿ ನಿಂತು ಓದುತ್ತಿದ್ದೆ.

ಒಂದು ಸಂಜೆ 'ಕ್ರೆಪಸ್ಕ್ಯುಲರ್' ಎಂಬುದಕ್ಕೆ 'ಮುಸ್ಸಂಜೆಗೆ ಸಂಬಂಧಿಸಿದ' ಎಂದಿತ್ತು. ಸರಿಯೇ. ಮುಂದಿನದು 'ನಿಡಿಫಿಕೇಟ್'. ಹಾಗೆಂದರೆ ಗೂಡು ಕಟ್ಟುವುದು. ಅಲ್ಲೂ 'ಮುಸ್ಸಂಜೆಗೆ ಸಂಬಂಧಿಸಿದ'. ಆಮೇಲಿನ ಮೂರು ಚೀಟಿಗಳಲ್ಲೂ ಅದೇ, ಅದೇ ದುಂಡು ಅಕ್ಷರದಲ್ಲಿ.

"ಸರಿ ಇದೆಯೇನೇ?"

"ಹೂಂ ಅಕ್ಕ, ಸರಿ ಇದೆ."

ಬಚ್ಚಲುಮನೆಗೆ ಹೋಗಿ ಚಿಲಕ ಹಾಕಿಕೊಂಡು, ಅವಳ ಅಕ್ಷರವನ್ನೇ ಹೋಲುವಂತೆ ಹೊಸ ಚೀಟಿಗಳನ್ನು ಬರೆದೆ. ಮರುದಿನವೂ ಬರೆದೆ. ಎಂಟನೆಯ ದಿನ ಅಕ್ಕ ಪೆನ್ನಿಗೆ ಮುಚ್ಚಳ ಹಾಕಿ ನನ್ನನ್ನೇ ನೋಡಿದಳು.

"ಒಂದು ವಾರದಿಂದ ನೀನು ಜಗಳಾನೇ ಆಡಿಲ್ಲ ಕಣೆ."

"ಜಗಳ ಆಡೋಕೆ ಏನಿದೆ? ಎಲ್ಲಾ ಚೆನ್ನಾಗೇ ಬರೆದಿದ್ದೀಯಲ್ಲ."

"ನನ್ನ ಚೀಟಿ ನಿನ್ನ ಕಣ್ಣಿಗೆ ಚೆನ್ನಾಗಿ ಕಂಡಿದ್ದು ಯಾವತ್ತು?" ಮತ್ತೆ ಕೇಳಿದಳು, "ಅಷ್ಟೊಂದು ಕೆಟ್ಟಿದೆಯಾ?"

ಅಕ್ಕ ಅಳಲಿಲ್ಲ. ಉಳಿದ ಚೀಟಿಗಳ ಕಟ್ಟನ್ನು ನನ್ನ ಕಡೆಗೆ ತಳ್ಳಿದಳು.

"ಇನ್ಮೇಲೆ ನೀನು ಬರಿ, ನಾನು ತಿದ್ದುತೀನಿ. ಹತ್ತೊಂಬತ್ತು ವರ್ಷದ ಸೇಡು ತೀರಿಸ್ಕೋಬೇಕು."

ದಿನಾ ಬರೆದು ಅವಳಿಗೆ ಓದಿ ಹೇಳಿದೆ. ಅವಳು ಕಣ್ಣು ಮುಚ್ಚಿಕೊಂಡೇ ತಲೆಯಾಡಿಸುತ್ತಿದ್ದಳು. ಒಂದು ಅಕ್ಷರಕ್ಕೂ ತಕರಾರಿಲ್ಲ. ಕೊನೆಯ ಚೀಟಿ 'ಸುಸರಸ್'. ಎಲೆಗಳು ಪಿಸುಗುಟ್ಟುವ ಮೆಲುಸದ್ದಿಗೆ ಆ ಹೆಸರು. ನಾನು ಬೇಕೆಂದೇ, "ಕಬ್ಬಿಣ ಬಡಿಯುವ ಸದ್ದು" ಎಂದು ಓದಿ ಕಾದೆ. ಅವಳ ಬಾಯಿಂದ ಒಂದು ಬೈಗುಳ ಬಂದಿದ್ದರೆ ಸಾಕಿತ್ತು.

"ಚೆನ್ನಾಗಿದೆ," ಎಂದಳು ಅಕ್ಕ. "ನೀನು ಯಾವಾಗ್ಲೂ ನನಗಿಂತ ಚೆನ್ನಾಗೇ ಬರೀತಿದ್ದೆ."