ಧಣಿಯ ಬೆಳಕು

“ಗಟ್ಟಿಯಾಗಿ ಉಜ್ಜೇ, ಹಡಬೆ! ಅತ್ತೆ ಬೆನ್ನು ಅಂತ ಮುದ್ದು ಮಾಡ್ತಿದೀಯಾ? ಕುತ್ತಿಗೆ ಸಂದೀಲಿ ಇನ್ನೂ ಮಿಣಿಮಿಣಿ ಅಂತಿದೆ, ಕಣ್ಣು ಹೋಗಿದ್ಯಾ ನಿಂಗೆ?”

ಮೇಸ್ತ್ರಿಯ ಬೆತ್ತ ಗಿಡ್ಡಿಯ ಮೊಣಕಾಲ ಹಿಂದೆ ಚಟೀರನೆ ಬಿತ್ತು. ಅವಳು ಹಲ್ಲು ಕಚ್ಚಿ ತಂತಿಬ್ರಶ್ಶನ್ನು ಅತ್ತೆಯ ಕುತ್ತಿಗೆಗೆ ಒತ್ತಿದಳು. ಮುದುಕಿ ಕುತ್ತಿಗೆಯನ್ನು ಇನ್ನಷ್ಟು ಬಾಗಿಸಿ ಕೊಟ್ಟಳು. ಹೊಳೆಯುವ ಪುಡಿ ಚರ್ಮದ ಸಮೇತ ಕಿತ್ತು, ಬೆಳಕು ಕಾಣದಂತೆ ಮುಚ್ಚಳ ಹಾಕಿದ್ದ ಕೆಳಗಿನ ತೊಟ್ಟಿಯ ಸೀಳಿಗೆ ಉದುರಿತು. ಆ ಕತ್ತಲಲ್ಲಿ ರಕ್ತ ಕಾಣುವುದಿಲ್ಲ, ಕೈಗೆ ಬೆಚ್ಚಗೆ ತಗಲುತ್ತದೆ ಅಷ್ಟೆ.

ಗುಹೆಯ ಬಾಯಿಗೇ ಕಟ್ಟಿಸಿದ, ಒಂದು ಕಿಂಡಿಯೂ ಇಲ್ಲದ ಕೋಣೆ ಅದು. ಕತ್ತಲೆಕೋಣೆ ಎಂದೇ ಹೆಸರು. ಅದನ್ನು ದಾಟಿದರೆ ಗವಿಯೊಳಗೊಂದು ಗವಿ. ಅಲ್ಲಿ ಗೋಡೆ, ಸೂರು, ನೆಲ, ಹರಿಯುವ ನೀರು ಎಲ್ಲವೂ ಹೊಳೆಯುತ್ತವೆ. ಮೇಲಿನ ಊರಿಗೆ ಸೂರ್ಯ ಬರುವುದು ವರ್ಷದಲ್ಲಿ ನಾಲ್ಕೇ ತಿಂಗಳು. ಉಳಿದ ಎಂಟು ತಿಂಗಳು ಅಲ್ಲಿನ ಬೀದಿ, ಪಡಸಾಲೆ, ಮಲಗುವ ಕೋಣೆಗಳನ್ನು ಬೆಳಗುವುದು ಇವರು ಕೆರೆದು ಕೊಟ್ಟ ಪುಡಿಯೇ. ಹದಿನೈದು ದಿನ ಒಳಗೇ ಉಂಡು, ಒಳಗೇ ಮಲಗಿ, ಕೆರೆದು ಕೆರೆದು ಹೊರಗೆ ಬರುವಾಗ ಮೈಗೆ ಅಂಟಿದ ಪುಡಿಯೂ ಧಣಿಯದೇ. ಅದಕ್ಕೇ ಈ ಸಾಲು, ಒಂದು ಕಣ ಉಳಿದರೂ ಹೊಳೆದು ಕಾಣಲೆಂದು ಈ ಕತ್ತಲು. ನಲವತ್ತು ಜನ, ಗಂಡು ಹೆಣ್ಣು ಒಟ್ಟಿಗೆ, ಅರೆಬತ್ತಲೆ. ಎಲ್ಲರ ಕೈಯಲ್ಲೂ ಒಂದೊಂದು ಬ್ರಶ್ಶು. ಮುಂದಿನವರ ಮೈಯನ್ನು ಹಿಂದಿನವರು ಉಜ್ಜಬೇಕು. ಅವರ ಬೆರಳಿನಿಂದಲೇ ಅವರ ಕಣ್ಣು ತಿವಿಸುವ ಈ ಉಪಾಯ ಧಣಿಯ ಅಪ್ಪನ ತಲೆಯಲ್ಲಿ ಹುಟ್ಟಿದ್ದಂತೆ. ಪುಣ್ಯಾತ್ಮ ಹಾಸಿಗೆಯಲ್ಲಿ ನೆಮ್ಮದಿಯಾಗಿ ಸತ್ತ.

ಆರು ತಿಂಗಳ ಹಿಂದೆ ಇದೇ ಸಾಲಿನಲ್ಲಿ ಗಿಡ್ಡಿಯ ಮುಂದೆ ನಿಂತಿದ್ದವನು ಅವಳ ಗಂಡ. ಬೆತ್ತದ ಹೆದರಿಕೆಗೆ ಅವಳು ಉಜ್ಜಿದ್ದಳು. ಗಾಯ ಕೀವಾಯಿತು. ಹನ್ನೊಂದನೆಯ ದಿನ ಅವನು ಹೋದ. ಅತ್ತೆ ಅದರ ಬಗ್ಗೆ ಒಂದು ಮಾತೂ ಆಡಲಿಲ್ಲ, ಮುಂದಿನ ಪಾಳಿಗೆ ಬಂದು ಸೊಸೆಯ ಮುಂದೆ ತಾನೇ ನಿಂತಳು. ಆ ಮೌನ ಗಿಡ್ಡಿಯನ್ನು ಈಗಲೂ ಸುಡುತ್ತದೆ.

ಇವತ್ತು ಅವಳ ಹೊಟ್ಟೆಗೆ ಕಟ್ಟಿದ ಹಳೆಬಟ್ಟೆಯ ಗಂಟಿನಲ್ಲಿ ಐದು ದಿನದ ಕೂಸಿತ್ತು. ಪಾಳಿಯ ನಡುವೆ, ಒಳಗಿನ ಗವಿಯಲ್ಲೇ ಹೆತ್ತಿದ್ದಳು. ಹುಟ್ಟಿದಾಗಲೇ ಅದರ ಮೈ ಹೊಳೆಯುತ್ತಿತ್ತು. ತೊಳೆದರೂ ಹೋಗಲಿಲ್ಲ, ಒರೆಸಿದರೂ ಹೋಗಲಿಲ್ಲ.

“ಇದು ಅಂಟಿದ್ದಲ್ಲ ಕಣೇ, ಹುಟ್ಟಿದ್ದು,” ಎಂದಿದ್ದಳು ಅತ್ತೆ. “ಆ ಬೋಳಿಮಕ್ಕಳ ಕೈಗೆ ಸಿಕ್ಕಿದ್ರೆ ಎಲುಬು ಕಾಣೋವರೆಗೂ ಉಜ್ಜಿಸ್ತಾರೆ.”

ಇಬ್ಬರೂ ಕೂತು ಒಲೆಯ ಮಸಿಗೆ ಎಣ್ಣೆ ಕಲಸಿ ಕೂಸಿಗೆ ಬಳಿದರು. ಕಿವಿಯ ಹಿಂದೆ, ರೆಪ್ಪೆಯ ಮೇಲೆ, ಬೆರಳ ಸಂದಿಗೆ, ಉಗುರಿಗೆ ಬಿಡಲಿಲ್ಲ. ಅಳದಿರಲಿ ಎಂದು ಗಿಡ್ಡಿ ಹೊಟ್ಟೆ ಬಿರಿಯುವಷ್ಟು ಹಾಲು ಕುಡಿಸಿದಳು.

“ಮುಂದೆ ಬಾರೇ, ಮೋಟು!” ಗಿಡ್ಡಿಯ ಸರದಿ ಬಂದಿತ್ತು. ಮೇಸ್ತ್ರಿ ಒಂದು ಬಕೆಟ್ ತಣ್ಣೀರನ್ನು ಅವಳ ನೆತ್ತಿಗೆ ಸುರಿದ. ನೀರು ಗಂಟಿಗೂ ಇಳಿಯಿತು. ಕೂಸು ಬೆಚ್ಚಿ ಕಿಟಾರನೆ ಕಿರುಚಿತು.

ಕಿರುಚಿದ್ದೇ ತಡ, ಅವಳ ಹೊಟ್ಟೆಯ ಬಳಿ ಗುಂಡನೆಯ ಬೆಳಕೊಂದು ತೆರೆದುಕೊಂಡಿತು. ಮುಚ್ಚಿತು, ಮತ್ತೆ ತೆರೆಯಿತು. ಮೈಗೆಲ್ಲ ಮಸಿ ಬಳಿದವರು ಬಾಯಿಯನ್ನು ಮರೆತಿದ್ದರು. ಎಲ್ಲವೂ ಹೊಳೆಯುವ ಒಳಗಿನ ಗವಿಯಲ್ಲಿ ಕೂಸಿನ ನಾಲಿಗೆಯ ಹೊಳಪು ಯಾರ ಕಣ್ಣಿಗೆ ಬೀಳಬೇಕು?

“ಏನೇ ಅದು?”

“ಕೂಸು, ಅಣ್ಣಾ. ಐದು ದಿನದ್ದು. ನಿನ್ನ ಕಾಲಿಗೆ ಬೀಳ್ತೀನಿ...”

“ಅಣ್ಣನಂತೆ, ಅಣ್ಣ! ಕೂಸಿನ ಬಾಯಲ್ಲಿ ತುಂಬಿ ಸಾಗಿಸ್ತೀಯೇನೇ, ಕಳ್ಳ ಮುಂಡೆ?”

“ಪುಡಿ ಅಲ್ಲ ಧಣೀ,” ಅತ್ತೆ ಮೂಲೆಯ ಕಡೆ ತಿರುಗಿ ಕೈಮುಗಿದಳು. “ಅದರ ಮೈಯೇ ಹಾಗೆ. ಹಾಲು ಕುಡಿದ ಬಾಯಿ ಅದು.”

ಮೂಲೆಯಲ್ಲಿ ಕುರ್ಚಿ ಕಿರುಗುಟ್ಟಿತು. ಧಣಿ ಮೇಸ್ತ್ರಿಯನ್ನೂ ನಂಬದ ಮನುಷ್ಯ. ಪಾಳಿ ಬಿಡುವಾಗ ತಾನೇ ಬಂದು ಕೂರುತ್ತಿದ್ದ. ಕತ್ತಲಲ್ಲಿ ಅವನು ಕಾಣುತ್ತಿರಲಿಲ್ಲ, ಮೂಗಿಗೆ ಹಿಡಿದ ಕರವಸ್ತ್ರದ ಅತ್ತರಿನ ವಾಸನೆ ಮಾತ್ರ ಬರುತ್ತಿತ್ತು. ಅವನ ದನಿ ಬಲು ಮೆತ್ತಗಿತ್ತು.

“ಹಾಗಾದ್ರೆ ಇವಳ ಹಾಲೂ ಹೊಳೆಯುತ್ತೆ ಅನ್ನು. ಮೇಸ್ತ್ರಿ, ಒಂದು ತಂಬಿಗೆ ತರಿಸು, ಹಿಂಡಿಸ್ಕೋ. ನಮ್ಮ ನೀರು ಕುಡಿದು ಆಗಿರೋ ಹಾಲು, ಅದೂ ನಮ್ದೇ.”

“ಕೂಸು, ಧಣಿ?” ಮೇಸ್ತ್ರಿ ಕೇಳಿದ.

“ಪಾಪ, ಕೂಸು. ಚಿಕ್ಕ ಬ್ರಶ್ಶು ಕೊಡು. ನಾಲಿಗೆಯಿಂದ ಶುರು ಮಾಡ್ಲಿ. ತಾಯಿ ಕೈಯಾದ್ರೆ ಅದಕ್ಕೂ ಅಷ್ಟು ನೋವಾಗಲ್ಲ.”

ಬೆರಳುದ್ದದ ತಂತಿಬ್ರಶ್ಶೊಂದು ಗಿಡ್ಡಿಯ ಕೈಗೆ ಬಂತು. ಅವಳು ಅಲುಗಾಡಲಿಲ್ಲ. ಬೆತ್ತ ಭುಜಕ್ಕೆ ಬಿತ್ತು, ಕಿವಿಗೆ ಬಿತ್ತು. ಆಮೇಲೆ ಮೇಸ್ತ್ರಿಯೇ ಬಗ್ಗಿ, ಹೆಬ್ಬೆರಳಿನಿಂದ ಕೂಸಿನ ದವಡೆ ಒತ್ತಿ ಬಾಯಿ ಅಗಲಿಸಿದ. “ಹೂಂ, ಉಜ್ಜು.” ಕೂಸಿನ ಅಳು ಗಂಟಲಲ್ಲೇ ಸಿಕ್ಕಿಕೊಂಡಿತು. ಆ ಪುಟ್ಟ ಬಾಯಿಯ ಬೆಳಕು ಅವನ ಮುಖದ ಮೇಲೆ ಬಿದ್ದಿತ್ತು. ಹತ್ತು ವರ್ಷದಲ್ಲಿ ಮೊದಲ ಸಲ ಗಿಡ್ಡಿ ಆ ಕೋಣೆಯೊಳಗೆ ಅವನ ಕಣ್ಣುಗಳನ್ನು ಕಂಡಳು.

ಬ್ರಶ್ಶನ್ನು ಅವನ ಎಡಗಣ್ಣಿಗೆ ಹಿಡಿಯವರೆಗೂ ಇಳಿಸಿದಳು.

ಮೇಸ್ತ್ರಿ ಹಂದಿಯಂತೆ ಅರಚುತ್ತ ಉರುಳಿದ. ಸಾಲಿನಲ್ಲಿದ್ದ ಯಾರೋ ಅವನ ಗಂಟಲ ಮೇಲೆ ಕಾಲಿಟ್ಟರು, ಇನ್ನೊಬ್ಬರೂ ಇಟ್ಟರು. ಅರಚಾಟ ನಿಂತಿತು. ಅತ್ತೆ ತಡವರಿಸಿಕೊಂಡು ಹೋಗಿ ಹೊರಬಾಗಿಲಿನ ಒಳಚಿಲಕ ಹಾಕಿದ ಸದ್ದು ಎಲ್ಲರಿಗೂ ಕೇಳಿಸಿತು. ಕುರ್ಚಿ ಬಿತ್ತು.

“ಏಯ್! ಯಾರ್ರೋ ಅದು? ಬಾಗಿಲು ತೆಗೀರೋ!”

ಗಿಡ್ಡಿ ಕೂಸನ್ನು ಅತ್ತೆಯ ಮಡಿಲಿಗೆ ಹಾಕಿ, ಮುಚ್ಚಳ ಕಿತ್ತೆಸೆದು ತೊಟ್ಟಿಗೆ ಕೈ ಹಚ್ಚಿದಳು. ಅವಳೊಬ್ಬಳಿಂದ ಏಳುವ ಭಾರವಲ್ಲ. ಹಿಂದಿದ್ದ ಗಂಡಾಳು ಇನ್ನೊಂದು ತುದಿ ಹಿಡಿದ. ಅತ್ತರಿನ ವಾಸನೆ ಬಂದ ಕಡೆಗೆ ಇಬ್ಬರೂ ತೊಟ್ಟಿಯನ್ನು ಬೋರಲು ಹಾಕಿದರು. ಪುಡಿ, ನೀರು, ಅಷ್ಟೂ ಜನರ ಚರ್ಮ, ರಕ್ತ, ಎಲ್ಲ ಧಣಿಯ ತಲೆಯ ಮೇಲೆ ಸುರಿಯಿತು. ಅಡಿಯಿಂದ ಮುಡಿಯವರೆಗೆ ಅವನು ಝಗಮಗ ಹೊಳೆದ. ಅವನ ಹೊಟ್ಟೆ, ನಡುಗುವ ಗಲ್ಲ, ಗೋಡೆ ಹುಡುಕುವ ಕೈ, ಎಲ್ಲ ಎಲ್ಲರಿಗೂ ಕಂಡವು.

“ಅದು ನಂದೇ ಕಣ್ರೋ! ನನ್ನ ಪುಡಿ!”

“ಹೌದು ಧಣಿ, ನಿಮ್ದೇ,” ಎಂದಳು ಅತ್ತೆ. “ಒಂದು ಚೂರೂ ಬಿಡದಂಗೆ ತೆಗೆದು ಕೊಡ್ತೀವಿ.”

ಸಾಲಿನ ಬ್ರಶ್ಶುಗಳೆಲ್ಲ ಅವನ ಸುತ್ತ ಕೂಡಿದವು. ಗಿಡ್ಡಿ ಕೂಸನ್ನು ಎತ್ತಿಕೊಂಡು ಬಾಗಿಲಿಗೆ ಒರಗಿ ಕೂತಳು. ಮೊಲೆ ಬಾಯಿಗಿಟ್ಟಳು. ಕೂಸು ಚೀಪತೊಡಗಿತು. ಧಣಿಯ ಕೂಗು ಮೊದಲು ಬೈಗುಳವಾಗಿತ್ತು, ಆಮೇಲೆ ಬೇಡಿಕೆಯಾಯಿತು, ಆಮೇಲೆ ಬರಿಯ ಕೂಗು.

ಬಾಗಿಲಾಚೆ ಕಾವಲಿನವರು ಇಸ್ಪೀಟು ಆಡುತ್ತಿದ್ದರು. ಕತ್ತಲೆಕೋಣೆಯ ಕೂಗು ಅವರಿಗೆ ಹೊಸದಲ್ಲ.

“ಇವತ್ತೇನೋ ಇಷ್ಟು ಜೋರು?” ಎಂದ ಒಬ್ಬ.

“ಧಣಿ ಒಳಗಿದಾರಲ್ಲ, ಅದಕ್ಕೇ,” ಎಂದ ಇನ್ನೊಬ್ಬ. “ನೀನು ಎಲೆ ಹಾಕೋ, ಸೂಳೆಮಗನೆ.”