ಕಣಗಿಲೆ ಬುಡದ ಕಲ್ಲುಬಾನಿ

ಯುದ್ಧ ಶುರುವಾದ ಮಾರನೇ ವರ್ಷ ಪಟಾಲಮ್ಮಿಗೆ ಸೇರಿ ಹೊರಟ ಬೆಟ್ಟಯ್ಯ, ಹೆಂಡತಿ ಚಿಕ್ಕನಂಜಮ್ಮನಿಗೆ ಹೇಳಿದ್ದು ಎರಡೇ ಮಾತು. "ಕೆಂಚನ್ನ ನೋಡ್ಕೊ. ಗಿಡಕ್ಕೆ ನೀರ್ ಬುಡು."

ಕೆಂಚ ಅವನು ಸಾಕಿದ ನಾಯಿ. ಗಿಡವೆಂದರೆ ಮದುವೆಯಾದ ವರ್ಷ ಹಲಗೂರಿನ ಮನೆ ಹಿತ್ತಿಲಲ್ಲಿ ಅವನೇ ನೆಟ್ಟ ಕಣಗಿಲೆ. ಮೂರು ವರ್ಷ ಬಂದ ಕಾಗದಗಳಲ್ಲೂ ಅವೆರಡರದೇ ವಿಚಾರ. ಕಾಗದ ಓದಿ ಹೇಳುವವರು ಶಾಲೆ ಮೇಷ್ಟ್ರು. ಅವರ ಬಾಯಿಂದ ಹೆಂಡತಿಯನ್ನು 'ಹೇಗಿದ್ದೀಯ' ಎಂದು ಕೇಳಿಸಲು ಅವನಿಗೆ ನಾಚಿಕೆ. ಅದು ಅವಳಿಗೂ ಗೊತ್ತಿತ್ತು.

ಗಂಡ ಬರುವ ತನಕ ಸೋಮವಾರ ಸೋಮವಾರ ಆ ಮರದ ಹೂವನ್ನೇ ಶಿವನಿಗೆ ಮುಡಿಸುವ ಹರಕೆ ಹೊತ್ತಿದ್ದಳು. ಬಾಡಿದ ದೇವರ ಹೂವನ್ನು ತುಳಿಯಬಾರದೆಂದು ಮರದ ಬುಡದ ಕಲ್ಲುಬಾನಿಯ ನೀರಿಗೆ ಹಾಕುತ್ತಿದ್ದಳು. ಮೂರನೇ ವರ್ಷದ ಬೇಸಗೆಯಲ್ಲಿ ಕೆರೆ ಒಣಗಿತು. ಕೆರೆಯಲ್ಲಿ ಕುಡಿಯುತ್ತಿದ್ದ ಕೆಂಚ ಬಾನಿಗೆ ಬಾಯಿ ಹಾಕಿತು. ಸಂಜೆಗೆ ಜೊಲ್ಲು ಸುರಿಸುತ್ತಾ, ಕಾರಿಕೊಳ್ಳುತ್ತಾ ಬಿದ್ದಿತ್ತು.

ಮೇಕೆ ಸಾಕುವ ಪಕ್ಕದ ಮನೆಯ ಮಹಬೂಬ್ ಬೀ ಬಂದು ಬಾನಿ ಇಣುಕಿದಳು.

"ನನ್ ಮೇಕೆ ನಿನ್ ಬೇಲಿನೆಲ್ಲ ಮೇಯ್ದವೆ. ಈ ಮರ ಮಾತ್ರ ಮೂಸಿಲ್ಲ. ಅವಕ್ಕಿರೋ ಬುದ್ಧಿ ನಿಂಗಿಲ್ವಲ್ಲ ಕಣಮ್ಮ. ಎಲೆನೂ ವಿಸ, ಹೂವು ನೆಂದ ನೀರೂ ವಿಸ."

"ದೇವ್ರ ಹೂವು ಬೀಬಕ್ಕ."

"ದೇವ್ರಿಗೆ ದಕ್ತದೆ. ನಾಯಿಗೆ ದಕ್ಕಲ್ಲ."

ಎರಡು ದಿನ ಚಿಕ್ಕನಂಜಮ್ಮ ನಾಯಿಯ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಬಾಯಿಗೆ ಹನಿಹನಿ ನೀರು ಬಿಟ್ಟಳು. ಅವನು ಬಂದು 'ಕೆಂಚ' ಎಂದು ಕರೆದಾಗ ಓಡಿಬರಲು ಏನೂ ಇಲ್ಲದಿದ್ದರೆ? ಮೂರನೇ ದಿನ ಅದು ಅಂಬಲಿ ನೆಕ್ಕಿತು.

ಮರವಿದ್ದಷ್ಟು ದಿನ ಬಾನಿಗೆ ಎಲೆ, ಹೂವು ಉದುರುತ್ತಲೇ ಇರುತ್ತವೆ. ಕೊಡಲಿ ಹಿಡಿದು ಹಿತ್ತಿಲಿಗೆ ಹೋದಳು. ಸಂಜೆ ಸಂಜೆ ಅವನು ಬೆನ್ನು ಒರಗಿಸಿ ಬೀಡಿ ಸೇದುತ್ತಿದ್ದ ಕಡೆ ಕಾಂಡ ನುಣುಪಾಗಿತ್ತು. ಅಲ್ಲಿ ಅಂಗೈ ಇಟ್ಟು ಬಹಳ ಹೊತ್ತು ನಿಂತಳು. ಆಮೇಲೆ ಆ ನುಣುಪಿಗೆ ಏಟು ಬೀಳದಂತೆ ಅದಕ್ಕಿಂತ ಒಂದು ಗೇಣು ಕೆಳಗೆ ಕಡಿದಳು.

ಮುಂದಿನ ಸೋಮವಾರ ಗದ್ದೆ ಬದುವಿನಲ್ಲಿ ತುಂಬೆ ಹೂವು ಆಯ್ದಳು. ಬೊಗಸೆ ತುಂಬುವಷ್ಟರಲ್ಲಿ ಹೊತ್ತು ನೆತ್ತಿಗೆ ಬಂದಿತ್ತು.

ಮತ್ತೆ ಕಾಗದ ಬಂತು. ಅವೇ ಎರಡು ವಿಚಾರ.

"ಏನ್ ಬರೀಲವ್ವ?" ಎಂದರು ಮೇಷ್ಟ್ರು.

"ಕೆಂಚ ಉಣ್ತಾ ಅದೆ ಅಂತ ಬರೀರಿ."

"ಗಿಡ?"

"ನಾಯಿಗೆ ಆಗ್ಲಿಲ್ಲ, ಕಡ್ದೆ ಅಂತ ಬರೀರಿ. ಜಾಗ ಅಂಗೇ ಅದೆ. ಅವ್ರೇ ಬಂದು ಬ್ಯಾರೆ ಗಿಡ ನೆಡ್ಲಿ."

ಮೇಷ್ಟ್ರು ಬರೆದು ಮುಗಿಸಿದರೂ ಅವಳು ಏಳಲಿಲ್ಲ. ಸೆರಗಿನ ತುದಿ ಸುತ್ತುತ್ತಾ ಮೆಲ್ಲಗೆ ಹೇಳಿದಳು: "ಈ ಮುಂಗಾರಿಗೇ ನೆಟ್ರೆ ಬೇರು ಹಿಡೀತದೆ ಅಂತಾನೂ ಸೇರ್ಸಿ."