ಹೆಬ್ಬೆರಳು ಬಿಟ್ಟು ಕಟ್ಟಿದ್ದು

ಹೆಬ್ಬೆರಳು ಆಡ್ತಾ ಐತೆ, ಸದ್ಯ, ಪರದೆ ಕೆಳಗಿನ ಮೂಲೇಲಿ ಬೆಂಕಿಪೊಟ್ಣದಷ್ಟು ಜಾಗದಲ್ಲಿ ತಮ್ಮನ ಕೈ ತೋರಿಸ್ತಾವ್ರೆ, ಎರಡು ಕೈ, ನಡುವೆ ಫೋನು, ನಾನು ನೋಡೋದು ಬಲಗೈ ಹೆಬ್ಬೆರಳು ಒಂದನ್ನೇ, ಮಿಕ್ಕಿದ್ದು ಊರೋರು ನೋಡ್ಕಳ್ಲಿ — ಅಕ್ಕ ಹಾಲು — ಸುರೀರಿ, ಜಾಲರಿ ಮೇಲೆ ಸುರೀರಿ, ನಿಧಾನ, ಚೆಲ್ತದೆ — ಆಡ್ತಾ ಐತೆ, ಗಾಜಿನ ಮೇಲೆ ಮೇಲಕ್ಕೆ, ಪಕ್ಕಕ್ಕೆ, ಒಂದು ಸಲ ನಿಂತೋಯ್ತು, ನನ್ನ ಜೀವಾನೂ ನಿಂತೋಯ್ತು, ಮತ್ತೆ ಆಡ್ತು. ಪಾಳ್ಯದ ಡೈರಿ ಒಳಗೆ ಸಾಯಂಕಾಲದ ಹಾಲಿನ ಬೆಚ್ಚನೆ ವಾಸ್ನೆ, ಹೊರಗೆ ಕ್ಯಾನು ಹಿಡ್ಕಂಡು ನಿಂತೋರ ಸಾಲು, ಮಳೆ ಬರೋ ಹಂಗೆ ಮೋಡ ಕವಿದೈತೆ, ಬರಲ್ಲ, ಮೂರು ಸಂಜೆಯಿಂದ ಹಿಂಗೇ ಆಸೆ ತೋರ್ಸಿ ಹೋಗ್ತಾ ಐತೆ, ಫೋನನ್ನ ತೂಕದ ಮಿಷನ್ನಿಗೆ ಒರಗಿಸಿ ಇಟ್ಟಿದೀನಿ, ಹಾಲು ತೂಗಿದಂಗೂ ಆಯ್ತು ಆಟ ನೋಡಿದಂಗೂ ಆಯ್ತು. ಏನೇ ಶೀಲಾ, ಫೋನೊಳಗೇ ಬಿದ್ದೋಗಿದೀಯಲ್ಲೇ, ಸರೋಜಮ್ಮ, ಯಾವಾಗ್ಲೂ ನೀರು ಬೆರೆಸಿದ ಹಾಲು ತಂದು ಎಲ್ಲರಿಗಿಂತ ಮುಂಚೆ ಮಾತು ತೆಗಿಯೋದು ಇವಳೇ, ತಮ್ಮನ ಆಟ ಕಣತ್ತೆ, ಇವತ್ತು ನಾಳೆ ಎರಡೇ ದಿನ, ಇವತ್ತು ಅರ್ಧ ತಂಡಗಳನ್ನ ಮನೆಗೆ ಕಳಿಸ್ತಾರೆ, ನಾಳೆ ಗೆದ್ದ ತಂಡಕ್ಕೆ ಕಪ್ಪು, ಓ ಧರ್ಮನಾ, ಆ ಗನ್ ಆಟ, ಅದರಲ್ಲೂ ಗೆಲ್ಲೋದು ಸೋಲೋದು ಐತೇನೆ, ಐತೆ ಕಣತ್ತೆ ಐತೆ, ನಿಮ್ಮ ಹಾಲಿನಲ್ಲಿ ಇಲ್ದೆ ಇರೋ ಫ್ಯಾಟು ಬಿಟ್ರೆ ಮಿಕ್ಕಿದ್ದೆಲ್ಲಾ ಐತೆ, ಅಂತ ಬಾಯಿಗೆ ಬಂತು, ನುಂಗ್ಕಂಡೆ. ಆಟದ ಕಾಮೆಂಟ್ರಿ ಮಾತಾಡೋರು ಹೈದರಾಬಾದಿನಿಂದ ಅವನನ್ನ ಮೇನಾಸು ಮೇನಾಸು ಅಂತಾವ್ರೆ, ಮೆಣಸು ಅಂತ ಹೇಳೋಕೆ ಅವರ ನಾಲಿಗೆ ಹೊರಳಲ್ಲ, ಆಟಕ್ಕೆ ಅವ್ನು ಇಟ್ಕಂಡಿರೋ ಹೆಸರು ಅದು, ನಮ್ಮ ಗದ್ದೆ ಮೇಲಿನ ಒಂದು ತುಂಡು ಕಾಫಿ, ಅದರ ಸಿಲ್ವರ್ ಮರಕ್ಕೆ ಹಬ್ಬಿರೋ ಮೆಣಸು, ಆ ಮೆಣಸೇ ಅವನನ್ನ ಬೀಳಿಸ್ತು, ಹೆಸರಿಡೋವಾಗ ಯಾರಿಗೆ ಗೊತ್ತಿತ್ತು.

ಮರ ಹತ್ತು ಅಂತ ಅಪ್ಪ ಹೇಳ್ಲಿಲ್ಲ, ಹೇಳ್ದೇನೇ ಹತ್ತಿಸ್ದ, ಅದು ನಮ್ಮಪ್ಪ ಭೂತಯ್ಯನ ರೀತಿ, ಮೆಣಸು ಕೊಯ್ಯೋರು ಆ ವಾರ ಕೈ ಕೊಟ್ಟಿದ್ರು, ಗೊನೆ ಹಣ್ಣಾಗಿ ಉದುರ್ತಾ ಇತ್ತು, ಧರ್ಮ ರಜಕ್ಕೆ ಬಂದು ಜಗಲೀಲಿ ಕೂತು ಫೋನ್ ಒತ್ತುತಾ ಇದ್ದ, ಅಪ್ಪ ಒಂಟಿ ಏಣಿ ಹೆಗಲಿಗೆ ಇಟ್ಕಂಡು ಯಾರಿಗೂ ಅಲ್ಲ ಅನ್ನೋ ಹಂಗೆ ಅಂದ, ಬೆರಳು ಬೆಳೆಸಿದೋರಿಗೆ ಮರ ಹತ್ತೋಕೆ ಎಲ್ಲಾಯ್ತದೆ. ಅಷ್ಟೇ ಸಾಕಿತ್ತು. ಒಂಟಿ ಏಣಿ ಅಂದ್ರೆ ಒಂದೇ ಬಿದಿರು, ಗೆಣ್ಣಿನ ಮೇಲೆ ಕಾಲಿಟ್ಟು ಹತ್ಬೇಕು, ಹತ್ತೋರು ಅದನ್ನ ಮರಕ್ಕೆ ಕಟ್ಟಿ ಹತ್ತುತಾರೆ, ಇವ್ನು ಕಟ್ಲಿಲ್ಲ, ಅಪ್ಪನಿಗೆ ತೋರಿಸ್ಬೇಕಿತ್ತಲ್ಲ, ನಾನು ಕೆಳಗೆ ಚೀಲ ಹಿಡ್ಕಂಡು ನಿಂತಿದ್ದೆ, ಮೆಣಸಿನ ಗೊನೆ ತಲೆ ಮೇಲೆ ಬಿತ್ತು, ಇನ್ನೊಂದು ಬಿತ್ತು, ಆಮೇಲೆ ಅವನೇ ಬಿದ್ದ, ಬಲಗೈ ಊರ್ಕಂಡು ಬಿದ್ದ, ಟಕ್ ಅಂತ ಶಬ್ದ ಬಂತು, ಕಾಫಿ ಗಿಡದ ಕೊಂಬೆ ಇರ್ಬೇಕು ಅಂದ್ಕಂಡೆ, ಕೊಂಬೆ ಅಲ್ಲ. ಆಸ್ಪತ್ರೆ ಅಂದೆ, ಇವನೇ ಬೇಡ ಅಂದ, ಆಸ್ಪತ್ರೇಲಿ ಹೆಬ್ಬೆರಳಿನ ಸಮೇತ ಪ್ಲಾಸ್ಟರ್ ಹಾಕ್ಬುಡ್ತಾರೆ ಅಕ್ಕ, ಒಂದೂವರೆ ತಿಂಗಳು ಆಡೋಕಾಗಲ್ಲ, ತಂಡದಲ್ಲಿ ನನ್ನ ಜಾಗಕ್ಕೆ ಇನ್ನೊಬ್ಬ ಕಾಯ್ತಾವ್ನೆ, ಹೆತ್ತೂರು ಕಡೆ ಬೋರಜ್ಜ ಅವ್ನಲ್ಲ, ಮೂಳೆ ಕಟ್ಟೋನು, ಅವನ ಹತ್ರ ಕರ್ಕಂಡ್ ಹೋಗು. ಬೋರಜ್ಜ ಅಂದ್ರೆ ಈ ಕಡೆ ಎಲ್ಲರಿಗೂ ಗೊತ್ತು, ದನದ ಕಾಲಿನಿಂದ ಹಿಡಿದು ಎಸ್ಟೇಟಲ್ಲಿ ಲೆಕ್ಕ ಬರೆಯೋ ರೈಟರ್ ಕೈವರೆಗೂ ಕಟ್ಟಿದೋನು, ಸೊಪ್ಪು ಅರೆದ, ಮೊಟ್ಟೆ ಬಿಳಿ ಬಳ್ದ, ಬಿದಿರು ದಬ್ಬೆ ಇಟ್ಟ, ಇವ್ನು ನೋವಲ್ಲಿ ಹಲ್ಲು ಕಚ್ಕಂಡೇ ಹೇಳ್ದ, ಅಜ್ಜ, ಹೆಬ್ಬೆರಳು ಬಿಟ್ಟು ಕಟ್ಟಿ, ಅಜ್ಜ ನಕ್ಕ, ಬಿಡ್ತೀನಿ ಮಗ, ಆದ್ರೆ ಅದನ್ನ ಬಿಟ್ರೆ ಮಣಿಕಟ್ಟಿಗೆ ಬಿಗಿ ಜಾಸ್ತಿ ಕೊಡ್ಬೇಕಾಯ್ತದೆ, ಕೊಡಿ ಅಜ್ಜ, ಇನ್ನೊಂದು ಮಾತು, ಕಟ್ಟಿದ ಕೈಯೇ ಬಿಚ್ಬೇಕು, ನಾನು ಬರೋವರೆಗೂ ಯಾರೂ ಮುಟ್ಟಂಗಿಲ್ಲ. ಬಿಳಿ ಬಟ್ಟೆ ಸುತ್ತಿ ಸುತ್ತಿ ಗಂಟು ಹಾಕ್ದ, ಆ ಬಟ್ಟೆಯಿಂದ ಹೆಬ್ಬೆರಳು ಒಂದೇ ಹೊರಗೆ ಇಣುಕ್ತಾ ಇತ್ತು, ಗುಬ್ಬಿ ಮರಿ ಗೂಡಿಂದ ಇಣುಕ್ದಂಗೆ, ಬರೋವಾಗ ಜೀಪಲ್ಲೇ ಅದನ್ನ ಆಡ್ಸಿ ಆಡ್ಸಿ ನೋಡ್ಕಂಡು ನಗ್ತಾ ಇದ್ದ ಧರ್ಮ.

ಮಾರನೆ ದಿನ ನಗು ಇಲ್ಲ. ಬೆರಳು ಊದ್ಕಂಡ್ವು, ಅದರ ಮಾರನೆ ದಿನ ನೇರಳೆ ಬಣ್ಣ, ಉಗುರು ಕರ್ರಗೆ, ಬಿಚ್ಚಣ ಅಪ್ಪ ಅಂದೆ, ಬಾಯ್ಮುಚ್ಚು, ಕಟ್ಟಿದ ಕೈಯೇ ಬಿಚ್ಬೇಕು ಅಂದ, ಅವ್ವ ದೇವರ ಮುಂದೆ ದೀಪ ಹಚ್ತಾ, ಹೌದು ಕಣೆ, ನಡುವೆ ಬಿಚ್ಚಿದ್ರೆ ಸೊಟ್ಟ ಕೂತ್ಕತದೆ, ಬೋರಜ್ಜನಿಗೆ ಫೋನ್ ಹೋಗಲ್ಲ, ಅವ್ನು ಘಾಟಿ ಕಾಡೊಳಗೆ ಎಡಕುಮೇರಿ ಕಡೆ ಯಾರದೋ ಕಾಲು ಕಟ್ಟೋಕೆ ಹೋಗವ್ನೆ, ಅಲ್ಲಿ ರೈಲು ನಿಂತ್ರೂ ಸಿಗ್ನಲ್ ನಿಲ್ಲಲ್ಲ, ಧರ್ಮ ಕೋಣೇಲಿ ಬಿದ್ಕಂಡು ಸೂರು ನೋಡ್ತಾ ಅವ್ನೆ, ಅಕ್ಕ, ಉರಿ ನಿಂತೋಯ್ತು, ಈಗ ಏನೂ ಗೊತ್ತಾಗ್ತಾ ಇಲ್ಲ, ವಾಸಿ ಆಗ್ತಾ ಐತೆ ಅನ್ಸುತ್ತೆ. ಏನೂ ಗೊತ್ತಾಗ್ತಾ ಇಲ್ಲ ಅಂದಿದ್ದೇ ನಂಗೆ ಹೆದರಿಕೆ ಹತ್ಕಂತು, ಹೊಲಿಗೆ ಡಬ್ಬಿಯಿಂದ ಕತ್ತರಿ ತಗಂಡೆ, ಬಾಗಿಲು ಹಾಕ್ಕಂಡೆ, ಗಂಟು ಬಿಚ್ಚೋಕೆ ಹೋಗ್ಲಿಲ್ಲ, ಕತ್ತರಿಸ್ಬುಟ್ಟೆ, ಬಟ್ಟೆ ಸೀಳಿ ದಬ್ಬೆ ನೆಲಕ್ಕೆ ಬಿದ್ದ ಸದ್ದಿಗೆ ಅವ್ವ ಓಡಿ ಬಂದ್ಳು. ಹಾಸನದ ಡಾಕ್ಟ್ರು ಕೈ ತಿರುಗಿಸಿ ತಿರುಗಿಸಿ ನೋಡಿ ನನ್ನ ಮುಖ ನೋಡಿದ್ರು, ಬಿಚ್ಚಿದ್ದು ಯಾರು, ನಾನು ಸಾರ್, ಒಳ್ಳೆ ಕೆಲಸ ಮಾಡಿದ್ರಿ, ಇನ್ನೊಂದು ದಿನ ಬಿಟ್ಟಿದ್ರೆ ಕೈಯೇ ಇರ್ತಿರ್ಲಿಲ್ಲ, ಬಿಗಿಗೆ ನರ ಹಿಸುಕಿ ಹೋಗಿದೆ, ಹೆಬ್ಬೆರಳು ಆಡುತ್ತೆ, ಆದ್ರೆ ಅದಕ್ಕೆ ಸ್ಪರ್ಶ ಬರೋದು ಅನುಮಾನ. ಆಡುತ್ತೆ, ಮುಟ್ಟಿದ್ದು ಗೊತ್ತಾಗಲ್ಲ. ಬಸ್ಸು ಆಲೂರು ದಾಟಿದ ಮೇಲೆ ಧರ್ಮ ಕಿಟಕಿ ಕಡೆ ನೋಡ್ಕಂಡೇ ಅಂದ, ಅಕ್ಕ, ಮನೇಲಿ ಹೇಳ್ಬೇಡ, ಸ್ಪರ್ಶ ಇಲ್ಲ ಅಂದ್ರೆ ಅಪ್ಪ ಹೋಗೋಕೆ ಬಿಡಲ್ಲ, ಅಪ್ಪ ನಾಲ್ಕು ಜನಕ್ಕೆ ಹೇಳ್ತಾನೆ, ತಂಡದೋರ ಕಿವಿಗೆ ಬೀಳ್ತದೆ, ಬಿದ್ರೆ ಮುಗೀತು, ನಾನು ನೋಡ್ಕಂಡು ಒತ್ತಿ ಅಭ್ಯಾಸ ಮಾಡ್ಕತೀನಿ, ಹೇಳ್ಬೇಡ. ಸರಿ ಕಣೋ ಅಂದೆ. ಸರಿ ಅನ್ನೋಕೆ ಎಷ್ಟು ಹೊತ್ತು. ಮಣಿಕಟ್ಟು ಸೊಟ್ಟ ಕೂತ್ಕಂತು, ಅದು ಎಲ್ಲರಿಗೂ ಕಾಣ್ತದೆ, ನರ ಯಾರಿಗೂ ಕಾಣಲ್ಲ, ಕೈ ಉಳಿದಿದ್ದು ಹೆಂಗೆ ಅಂತ ಹೇಳಿದ್ರೆ ನರದ ಮಾತೂ ಹೊರಗೆ ಬರ್ತದೆ, ಅವತ್ತಿಂದ ಮನೇಲಿ ನಾನು ಕಟ್ಟು ಕತ್ತರಿಸಿದೋಳು, ಗಂಡನ ಮನೆಯಿಂದ ವಾಪಸ್ ಬಂದಾಗ ಒಂದು ಹೆಸರಿತ್ತು, ಈಗ ಎರಡಾಯ್ತು, ಅವ್ವ ಸಾರಿಗೆ ಉಪ್ಪು ಹಾಕೋಕೂ ನನ್ನ ಕೈ ಮುಟ್ಟಿಸಲ್ಲ, ನಿನ್ನ ಕೈ ಸರಿ ಇಲ್ಲ ಅಂತ ಬಾಯಿಬಿಟ್ಟು ಹೇಳಲ್ಲ, ಡಬ್ಬಿ ಆ ಕಡೆ ಸರಿಸ್ತಾಳೆ. ನಂಗೂ ನೋಯ್ತದೆ ಕಣೋ ಧರ್ಮ, ನಾನೇನು ಕಲ್ಲಲ್ಲ, ನಿನಗೆ ಬೆರಳಲ್ಲಿ ಹೋಗಿದ್ದು ನಂಗೆ ಇನ್ನೂ ಎಲ್ಲೂ ಹೋಗಿಲ್ಲ.

ಶನಿವಾರ ದಾಟಿದ್ರು, ಕೊನೆ ಜಾಗದಲ್ಲಿ ತೂಗಾಡ್ಕಂಡು ದಾಟಿದ್ರು, ಮೇನಾಸು ಚೆನ್ನಾಗಿ ಆಡ್ದ ಅಂದ್ರು ಮಾತಾಡೋರು, ದೂರದಿಂದ ಹೊಡಿಯೋದ್ರಲ್ಲಿ ಎತ್ತಿದ ಕೈ ಅಂದ್ರು, ಅವ್ರಿಗೇನು ಗೊತ್ತು, ದೂರದೋರ ಮೇಲಾದ್ರೆ ಕೆಳಗೆ ಒಂದು ಸಲ ನೋಡ್ಕಂಡು ಬೆರಳಿಡೋಕೆ ಪುರುಸೊತ್ತು ಸಿಗ್ತದೆ, ಹತ್ರ ಬಂದ್ರೆ ಕಣ್ಣು ಬಂದೋನ ಮೇಲಿರ್ಬೇಕು, ಬೆರಳನ್ನ ನೋಡೋರ್ಯಾರು, ಅದಕ್ಕೇ ಅವ್ನು ಯಾರನ್ನೂ ಹತ್ರ ಬಿಟ್ಕಳಲ್ಲ. ಭಾನುವಾರ ಬೆಳಿಗ್ಗೆ ಹಾಲಿನ ಹೊತ್ತಲ್ಲಿ ಫೋನ್ ಮಾಡಿದ್ದ, ಅಕ್ಕ, ನಿನ್ನೆ ಕಾಣ್ತಿತ್ತಾ, ಏನು, ಅದೇ, ನಾನು ಕೆಳಗೆ ನೋಡೋದು, ಇಲ್ಲ ಕಣೋ ಏನೂ ಕಾಣ್ತಿರ್ಲಿಲ್ಲ, ಇವತ್ತು ಸ್ಟೇಜಿಗೆ ಲೈಟು ಜಾಸ್ತಿ ಹಾಕವ್ರೆ ಅಕ್ಕ, ಗಾಜು ಹೊಳೀತದೆ, ಬೆರಳು ಎಲ್ಲೈತೆ ಅಂತ ನಂಗೇ ಸರಿಯಾಗಿ ಕಾಣಲ್ಲ, ಇದನ್ನ ಗೆದ್ಬುಟ್ರೆ ಸಾಕು, ಗೆದ್ಬುಟ್ಟು ನಾನೇ ಮನೇಲಿ ಹೇಳ್ತೀನಿ, ನೀನು ಕತ್ತರಿಸಿದ್ದಕ್ಕೇ ಕೈ ಉಳೀತು ಅಂತ ಅಪ್ಪನ ಮುಂದೇನೇ ಹೇಳ್ತೀನಿ, ಮೊದ್ಲು ಗೆಲ್ಲು ಹೋಗೋ ಅಂದೆ, ಫೋನ್ ಇಟ್ಟು ಮುಂದಿನ ಕ್ಯಾನು ತೂಕಕ್ಕೆ ಎತ್ಕಂಡೆ. ಹೈದರಾಬಾದಿಗೆ ಹೋಗೋ ಹಿಂದಿನ ದಿನ ಅವ್ವ ಅವನಿಗೆ ಕಾಫಿ ಕೊಟ್ಳು, ಒಲೆ ಮೇಲಿಂದ ಇಳಿಸಿದ ಕಾಫಿ, ಸ್ಟೀಲ್ ಲೋಟ, ಧರ್ಮ ಬಲಗೈಲಿ ಹಿಡ್ದ, ಹೆಬ್ಬೆರಳು ಲೋಟಕ್ಕೆ ಒತ್ತಿ ಹಿಡ್ದ, ಮಾತಾಡ್ತಾನೇ ಇದ್ದ, ಅವ್ವ ಅಂದ್ಳು, ನೋಡಿ, ನನ್ನ ಮಗನ ಕೈ ಎಷ್ಟು ಗಟ್ಟಿ ಆಗೈತೆ, ಒಂದೇ ಮರ ಹತ್ತಿದ್ದಕ್ಕೆ, ಅಪ್ಪನೂ ನಕ್ಕ, ಧರ್ಮನೂ ನಕ್ಕ, ಆಮೇಲೆ ಹಿತ್ತಲಲ್ಲಿ ನಂಗೆ ತೋರಿಸ್ದ, ಹೆಬ್ಬೆರಳ ಮೇಲೆ ದ್ರಾಕ್ಷಿಯಷ್ಟು ಬೊಬ್ಬೆ, ಇದು ಯಾವಾಗ ಆಯ್ತು ಅಕ್ಕ, ಅಂತ ನನ್ನೇ ಕೇಳ್ದ.

ಅವ್ವ, ಚಾನಲ್ ಬದಲಾಯಿಸ್ಬೇಡ, ಇದೇ, ಇದೇ. ಭಾನುವಾರ ಮಧ್ಯಾಹ್ನ, ನನ್ನ ಫೋನಿಂದ ಟೀವಿಗೆ ಹಾಕಿದೀನಿ, ಅಪ್ಪ ಗದ್ದೆಯಿಂದ ಬಂದು ಕಾಲು ತೊಳ್ದು ಚಾಪೆ ಮೇಲೆ ಕೂತವ್ನೆ, ನೋಡಲ್ಲ ನೋಡಲ್ಲ ಅಂದೋನು ಕೂತವ್ನೆ, ಅವ್ವ ಹಲಸಿನ ಬೀಜ ಸುಲೀತಾ ಅವ್ಳೆ, ಯಾವುದೇ ಇವನು, ಹಸಿರು ಹೆಸರಿರೋನು ಕಣವ್ವ, ಎಲ್ಲಿ, ಅಲ್ಲಿ ಗೋಡೆ ಹಿಂದೆ, ನನ್ನ ಮಗ ಯಾಕೆ ಬಚ್ಚಿಟ್ಕಂಡವ್ನೆ, ಬಚ್ಚಿಟ್ಕಳೋದೇ ಆಟ ಕಣವ್ವ. ಮೂಲೇಲಿ ಬೆಂಕಿಪೊಟ್ಣದ ಜಾಗ ಟೀವೀಲಿ ಅಂಗೈಯಷ್ಟಾಗೈತೆ, ಹೆಬ್ಬೆರಳು ನಿಚ್ಚಳವಾಗಿ ಕಾಣ್ತದೆ, ಬೊಬ್ಬೆ ಒಣಗಿ ಕಪ್ಪಗಾದ ಕಲೆ ಕೂಡ, ಲೈಟು ಬಿದ್ದು ಗಾಜು ಬಿಸಿಲಿಗಿಟ್ಟ ತಟ್ಟೆ ಹಂಗೆ ಹೊಳೀತಾ ಐತೆ. ಕೊನೆ ಆಟ, ಇದನ್ನ ಗೆದ್ದೋರು ಕಪ್ಪು ಎತ್ತೋರು ಅಂತಾವ್ರೆ, ಅವನ ಕಡೆಯ ಮೂವರೂ ಹೋದ್ರು, ಹೆಸರು ಒಂದೊಂದೇ ಬೂದಿ ಬಣ್ಣ ಆಯ್ತು, ಮೆಣಸು ಒಬ್ನೇ ಹಸಿರು, ಎದುರಲ್ಲೂ ಒಬ್ನೇ, ಸುತ್ತಲಿನ ಗೆರೆ, ಅದರಾಚೆ ನಿಂತೋರು ಆಟದಲ್ಲಿ ಸಾಯ್ತಾರೆ, ಅದು ಕುಗ್ಗುತಾ ಐತೆ, ಕುಗ್ಗುತಾ ಕುಗ್ಗುತಾ ಇಬ್ರನ್ನೂ ಒಂದೇ ಗೋಡೆ ಹತ್ರಕ್ಕೆ ತಳ್ತಾ ಐತೆ, ಬೇಡ, ಹತ್ರ ಬೇಡ, ದೂರ ಇರ್ಲಿ, ದೇವರೇ, ಒಂದು ಸಲ ಕೆಳಗೆ ನೋಡ್ಕಳೋ ಧರ್ಮ, ಈಗ ನೋಡ್ಕ, ಎದುರಿನವನ ಹೆಜ್ಜೆ ಸದ್ದು ಬಂತು, ಗೋಡೆ ಆ ಕಡೆ ಸುತ್ತಿ ಬಂದ, ಎದುರಿಗೇ ಬಂದ, ಅಪ್ಪ ಮೊಣಕಾಲ ಮೇಲೆ ಎದ್ದವ್ನೆ, ಹೊಡಿಯೋ, ಹೊಡಿಯೋ ಮಗ, ಒತ್ತೋ, ಅಪ್ಪನ ಬಾಯಲ್ಲಿ ಒತ್ತೋ ಅನ್ನೋ ಮಾತು ಇಷ್ಟು ವರ್ಷಕ್ಕೆ ಈಗ ಬಂತು, ಮಾತಾಡೋರು ಕೂಗ್ತಾವ್ರೆ, ಮೇನಾಸು ಯಾಕೆ ಗುಂಡು ಹಾರಿಸ್ತಾ ಇಲ್ಲ, ಯಾಕೆ ಕಾಯ್ತಾ ಅವ್ನೆ, ಕಾಯ್ತಾ ಇಲ್ಲ ಕಣ್ರೋ, ಅವ್ನು ಒತ್ತುತಾ ಅವ್ನೆ, ನೋಡಿ ಮೂಲೇಲಿ, ಯಾರೂ ನೋಡಲ್ವಾ, ಬೆರಳು ಬಾಗ್ತಾ ಐತೆ, ಏಳ್ತಾ ಐತೆ, ಗಾಜಿಗೂ ಬೆರಳಿಗೂ ನಡುವೆ ಒಂದು ಗೆರೆಯಷ್ಟು ಬೆಳಕು, ಒತ್ತಿದೀನಿ ಅಂದ್ಕಂಡು ಬರೀ ಗಾಳಿ ಒತ್ತುತಾ ಅವ್ನೆ, ಹಸಿರು ಹೆಸರು ಬೂದಿ ಬಣ್ಣ ಆಗೋಯ್ತು.

ಅಪ್ಪ ಕೂತ, ಟವಲಲ್ಲಿ ಮುಖ ಒರೆಸ್ಕಂಡ, ಆ ಕೈಗೆ ಶಕ್ತಿ ಇಲ್ಲ, ಸೊಟ್ಟ ಕೂತಿದ್ದಲ್ವಾ, ಅಂದ ಗೋಡೆಗೆ, ಅವ್ವ ಹಲಸಿನ ಬೀಜ ಬಿಟ್ಟು ತಿರುಗಿದ್ಳು, ನನ್ನ ಮುಖ ನೋಡ್ಲಿಲ್ಲ, ಮಡಿಲಲ್ಲಿದ್ದ ನನ್ನ ಕೈ ನೋಡಿದ್ಳು, ನೋಡಿದ್ಯೇನೆ, ಅಂದ್ಳು, ಅಷ್ಟೇ. ಈಗ ಹೇಳ್ಬೋದು, ಡಾಕ್ಟ್ರು ಏನಂದ್ರು ಅಂತ ಹೇಳ್ಬೋದು, ಮುಗಿದೋಯ್ತಲ್ಲ, ಇನ್ನು ಯಾರ ಕಿವಿಗೆ ಬಿದ್ರೇನು, ಅಥ್ವಾ ಇನ್ನೂ ಮುಗಿದಿಲ್ವೇನೋ, ತಂಡದೋರು ಇನ್ನೊಂದು ಸಲ ಇಟ್ಕತಾರೇನೋ, ಗೆದ್ಬುಟ್ಟು ನಾನೇ ಹೇಳ್ತೀನಿ ಅಂದಿದ್ದ, ಬಾಯಿ ತೆಗೆದೆ, ಅವ್ವ ಅಂದೆ, ಏನು, ಅಂದ್ಳು, ಟೀವೀಲಿ ಗೆದ್ದೋರು ಕುಣೀತಾವ್ರೆ, ಬಣ್ಣದ ಕಾಗದ ಉದುರ್ತಾ ಐತೆ, ಮೂಲೆಯ ಆ ಜಾಗ ತೆಗಿಯೋಕೆ ಮರ್ತವ್ರೆ, ಅಲ್ಲಿ ಫೋನು ಹಂಗೇ ಐತೆ, ಅವ್ನು ಕೆಳಗೆ ನೋಡ್ತಾ ಇರ್ಬೇಕು ಈಗ, ಈಗ ನೋಡೋಕೆ ಪುರುಸೊತ್ತು ಐತೆ, ಹೆಬ್ಬೆರಳನ್ನ ನಿಧಾನಕ್ಕೆ ಇಳಿಸ್ದ, ಗಾಜಿಗೆ ಮುಟ್ಟಿಸ್ದ, ಎತ್ತಿದ, ಇನ್ನೊಂದು ಸಲ ಮುಟ್ಟಿಸ್ದ, ಮುಟ್ತಾ ಅಂತ ಕೇಳ್ದಂಗೆ, ಎತ್ತಿದ, ಮುಟ್ಟಿಸ್ದ — ಮುಟ್ತು ಕಣೋ, ಮುಟ್ತು — ಎತ್ತಿದ, ಮುಟ್ಟಿಸ್ದ, ಹೆಬ್ಬೆರಳು, ಗಾಜು, ಹೆಬ್ಬೆರಳು